ಆ ಬೆಳಕು ಎಲ್ಲಿಂದ ಬಂತು? ಸುಬ್ರತ ಮಿತ್ರರ ಕ್ಯಾಮೆರಾ ಕೆಲಸ

ಪ್ರಶ್ನೆ: ಇತ್ತೀಚೆಗೆ ಸತ್ಯಜಿತ್ ರೇ ಅವರ 'ಅಪರಾಜಿತೊ' ಮತ್ತು 'ಚಾರುಲತಾ' ನೋಡಿದೆ. ಕಪ್ಪು ಬಿಳುಪಿನ ಚಿತ್ರಗಳಾದರೂ ಕಣ್ಣಿಗೆ ತುಂಬ ಹಿತ ಅನ್ನಿಸಿತು. ಎರಡಕ್ಕೂ ಕ್ಯಾಮೆರಾ ಸುಬ್ರತ ಮಿತ್ರ ಅವರದು. 'ಬೌನ್ಸ್ ಲೈಟಿಂಗ್' ಶುರು ಮಾಡಿದ್ದೇ ಅವರು ಅಂತಾರೆ. ಹಾಗೆಂದರೆ ಏನು? ಅವರ ಶೈಲಿಯನ್ನು ಗುರುತಿಸುವುದು ಹೇಗೆ? ಅದೆಲ್ಲ ರೇ ಅವರ ಕಲ್ಪನೆಯೇ ಅಲ್ವಾ?

ಉತ್ತರ: ನೀವು ಯಾವತ್ತಾದರೂ ಮಧ್ಯಾಹ್ನದ ಹೊತ್ತು ತೊಟ್ಟಿ ಮನೆಯಲ್ಲಿ ಕೂತಿದ್ದೀರಾ? ಮೇಲೆ ಆಕಾಶದ ಒಂದು ಚೌಕ ಕಾಣುತ್ತದೆ. ಬಿಸಿಲು ಎಲ್ಲೋ ಗೋಡೆಯ ಮೇಲ್ತುದಿಗೆ ತಾಗಿರುತ್ತದೆ, ಕೆಳಗೆ ಇಳಿದಿರುವುದಿಲ್ಲ. ಆದರೂ ಪಡಸಾಲೆಯಲ್ಲಿ ಕೂತು ಅಕ್ಕಿ ಆರಿಸುವಷ್ಟು ಬೆಳಕು ಇರುತ್ತದೆ. ಅಕ್ಕಿ ಆರಿಸುತ್ತಿರುವ ಅಜ್ಜಿಯ ಕೈಯ ನೆರಳು ಮೊರದ ಮೇಲೆ ಗೆರೆ ಕೊಯ್ದ ಹಾಗೆ ಬೀಳುವುದಿಲ್ಲ, ಸುಮ್ನೆ ಒಂದು ಮಬ್ಬು ಇರುತ್ತದೆ ಅಷ್ಟೆ. ತೊಟ್ಟಿಯ ಪಕ್ಕ ಬಂದು ಕೂತರೆ ಮುಖ ಬೆಳಗುತ್ತದೆ. ಎರಡು ಹೆಜ್ಜೆ ಒಳಗೆ ಹೋದರೆ ಮಂಕಾಗುತ್ತದೆ. ಈ ಬೆಳಕನ್ನು ನೆನಪಿಟ್ಟುಕೊಳ್ಳಿ. ನಿಮ್ಮ ಪ್ರಶ್ನೆಗೆ ಅರ್ಧ ಉತ್ತರ ಅದರಲ್ಲೇ ಇದೆ.

'ಅಪರಾಜಿತೊ' ಚಿತ್ರದ ಕಾಶಿಯ ಮನೆಯನ್ನೇ ತೆಗೆದುಕೊಳ್ಳೋಣ. ತಂದೆ ಹರಿಹರ, ತಾಯಿ ಸರ್ವಜಯ, ಮಗ ಪುಟ್ಟ ಅಪು ಇರುವ ಬಾಡಿಗೆ ಮನೆ. ನಡುವೆ ಅಂಗಳ, ಸುತ್ತ ಕೋಣೆಗಳು, ಮೇಲೆ ತೆರೆದ ಆಕಾಶ. ನಮ್ಮ ತೊಟ್ಟಿ ಮನೆಯ ದೂರದ ನೆಂಟ ಅನ್ನಬಹುದು. ಆ ಮನೆ ಕಾಶಿಯದಲ್ಲ, ಕಲ್ಕತ್ತದ ಸ್ಟುಡಿಯೋದೊಳಗಿನ ಸೆಟ್. ಮೇಲೆ ಆಕಾಶವೇ ಇರಲಿಲ್ಲ. ಇದು ತಿಳಿಯುವುದಕ್ಕೆ ಮುಂಚೆ ನಾನು ಆ ಚಿತ್ರವನ್ನು ಎಷ್ಟೋ ಸಲ ನೋಡಿದ್ದೆ. ಕಾಶಿಯ ಯಾವುದೋ ಗಲ್ಲಿಯ ನಿಜವಾದ ಮನೆ ಎಂದೇ ನಂಬಿದ್ದೆ. ಸಂಗತಿ ಗೊತ್ತಾದ ರಾತ್ರಿ ಮತ್ತೆ ಹಾಕಿಕೊಂಡು ನೋಡಿದೆ. ಆಗಲೂ ಸೆಟ್ ಎಂದು ಕಣ್ಣು ಒಪ್ಪಲಿಲ್ಲ.

ನಡೆದದ್ದು ಇಷ್ಟು. ಕಲಾ ನಿರ್ದೇಶಕ ಬನ್ಸಿ ಚಂದ್ರಗುಪ್ತ ಆ ಅಂಗಳವನ್ನು ಮೊದಲು ಬಯಲಿನಲ್ಲೇ ಕಟ್ಟುವ ಯೋಚನೆಯಲ್ಲಿದ್ದರು. ಮಳೆಗಾಲದ ಹೆದರಿಕೆಯಿಂದ ಅದನ್ನು ಸ್ಟುಡಿಯೋದೊಳಗೆ ತಂದರು. ಸುಬ್ರತ ಮಿತ್ರ ಬೇಡವೇ ಬೇಡ ಎಂದು ವಾದ ಮಾಡಿದರು. ಅಂಗಳಕ್ಕೆ ಇಳಿಯುವ ಆಕಾಶದ ಬೆಳಕಿಗೆ ನೆರಳಿಲ್ಲ, ಅದನ್ನು ಸ್ಟುಡಿಯೋ ದೀಪಗಳಿಂದ ತರಲು ಆಗುವುದಿಲ್ಲ ಎಂಬುದು ಅವರ ತಕರಾರು. ರೇ ಮತ್ತು ಚಂದ್ರಗುಪ್ತ ಒಪ್ಪಲಿಲ್ಲ. ಸೆಟ್ ಎದ್ದಿತು. ಆಗುವುದಿಲ್ಲ ಅಂದವರೇ ಈಗ ಅದನ್ನು ಮಾಡಬೇಕಿತ್ತು.

ಅವರು ಒಂದು ಚೌಕಟ್ಟಿಗೆ ಬಿಳಿ ಬಟ್ಟೆ ಬಿಗಿದು ಅಂಗಳದ ಮೇಲೆ, ಆಕಾಶ ಇರಬೇಕಾದ ಜಾಗದಲ್ಲಿ, ಅಡ್ಡಲಾಗಿ ಹಾಸಿದರು. ದೀಪಗಳನ್ನು ನಟರ ಕಡೆಗೆ ತಿರುಗಿಸದೆ ಕೆಳಗಿನಿಂದ ಆ ಬಟ್ಟೆಯ ಕಡೆಗೆ ಹಿಡಿದರು. ಬೆಳಕು ಬಟ್ಟೆಗೆ ಬಡಿದು, ಹರಡಿಕೊಂಡು, ಕೆಳಗೆ ಇಳಿಯಿತು. ಬಟ್ಟೆಯೇ ಆಕಾಶವಾಯಿತು. ಬೌನ್ಸ್ ಲೈಟಿಂಗ್ ಅಂದರೆ ಇದೇ. ಬೆಳಕನ್ನು ಒಂದು ಮೇಲ್ಮೈಗೆ ಬಡಿಸಿ, ಅಲ್ಲಿಂದ ಹಿಂದಿರುಗಿದ್ದನ್ನು ಬಳಸಿಕೊಳ್ಳುವುದು.

ಇದನ್ನು ಮನೆಯಲ್ಲೇ ಮಾಡಿ ನೋಡಬಹುದು. ರಾತ್ರಿ ಕೋಣೆಯ ದೀಪ ಆರಿಸಿ, ಯಾರನ್ನಾದರೂ ಎದುರಿಗೆ ಕೂರಿಸಿ. ಮೊಬೈಲಿನ ಟಾರ್ಚನ್ನು ನೇರವಾಗಿ ಅವರ ಮುಖಕ್ಕೆ ಹಿಡಿಯಿರಿ. ಮೂಗಿನ ನೆರಳು ಕೆನ್ನೆಯ ಮೇಲೆ ಕಪ್ಪಗೆ, ಅಂಚು ಚೂಪಾಗಿ ಬೀಳುತ್ತದೆ. ಹಣೆ ಹೊಳೆಯುತ್ತದೆ, ಚರ್ಮದ ಬಣ್ಣವೇ ಸತ್ತುಹೋದ ಹಾಗಿರುತ್ತದೆ. ಈಗ ಒಂದು ಬಿಳಿ ಪಂಚೆಯನ್ನು ಅವರ ಪಕ್ಕದಲ್ಲಿ ಬಿಡಿಸಿ ಹಿಡಿದು ಟಾರ್ಚನ್ನು ಪಂಚೆಗೆ ಬಿಡಿ. ಬೆಳಕು ಕಡಿಮೆಯಾಗುತ್ತದೆ, ಆದರೆ ಮುಖ ಮುಖವಾಗುತ್ತದೆ. ಮೂಗಿನ ನೆರಳು ಎಲ್ಲಿ ಶುರುವಾಗಿ ಎಲ್ಲಿ ಮುಗಿಯಿತು ಎಂದು ಹೇಳಲು ಬರುವುದಿಲ್ಲ. ಕಣ್ಣಿನ ಕೆಳಗಿನ ಆಯಾಸ ಕಾಣುತ್ತದೆ, ಆದರೆ ಕುರೂಪವಾಗಿ ಕಾಣುವುದಿಲ್ಲ. ಪಂಚೆಯನ್ನು ಹತ್ತಿರ ತಂದಷ್ಟೂ ನೆರಳು ಕರಗುತ್ತದೆ, ದೂರ ಒಯ್ದಷ್ಟೂ ಗಟ್ಟಿಯಾಗುತ್ತದೆ. ನಾನು ಕ್ಯಾಮೆರಾ ಕಲಿಯಲು ಬರುವವರಿಗೆ ಮೊದಲ ದಿನ ಮಾಡಿಸುವುದು ಇದೊಂದೇ. ಲೆನ್ಸಿನ ಮಾತು ಆಮೇಲೆ.

ಇಂದು ಇದು ಸಾಮಾನ್ಯ ಸಂಗತಿ. ಮದುವೆ ಫೋಟೋ ತೆಗೆಯುವವರ ಹತ್ತಿರವೂ ಬಿಳಿ ಛತ್ರಿ ಇರುತ್ತದೆ. 1950ರ ದಶಕದ ಸ್ಟುಡಿಯೋಗಳಲ್ಲಿ ಹಾಗಿರಲಿಲ್ಲ. ನಟನ ಮುಖಕ್ಕೆ ಒಂದು ಮುಖ್ಯ ದೀಪ, ನೆರಳು ತುಂಬಲು ಇನ್ನೊಂದು, ತಲೆಗೂದಲಿಗೆ ಹೊಳಪು ಕೊಡಲು ಹಿಂದಿನಿಂದ ಮತ್ತೊಂದು. ಗುಡಿಸಲಾಗಲಿ ಅರಮನೆಯಾಗಲಿ, ಬೆಳಗಿನ ಜಾವವಾಗಲಿ ಸಂಜೆಯಾಗಲಿ, ನಾಯಕಿಯ ಕೂದಲು ಹೊಳೆಯಲೇಬೇಕು. ಅದಕ್ಕೆ ಕಾರಣವೂ ಇತ್ತು. ಅಂದಿನ ಫಿಲ್ಮಿಗೆ ತುಂಬ ಬೆಳಕು ಬೇಕಿತ್ತು. ಬೆಳಕನ್ನು ಬಟ್ಟೆಗೆ ಬಡಿಸಿದರೆ ಬಹುಪಾಲು ಅಲ್ಲೇ ಕಳೆದುಹೋಗುತ್ತದೆ. ಅಷ್ಟು ಕಳೆದುಕೊಳ್ಳಲು ಕ್ಯಾಮೆರಾಮನ್‌ಗೆ ಧೈರ್ಯ ಬೇಕು, ನಿರ್ಮಾಪಕರಿಗೆ ತಾಳ್ಮೆ ಬೇಕು.

ಹಾಗಾದರೆ ಶುರು ಮಾಡಿದ್ದು ಅವರೇನಾ? ಇಲ್ಲಿ ಎಚ್ಚರದಿಂದ ಹೇಳುತ್ತೇನೆ. ಸ್ಟಿಲ್ ಫೋಟೋ ತೆಗೆಯುವವರು ಬೆಳಕನ್ನು ಗೋಡೆಗೆ, ಬಟ್ಟೆಗೆ ಬಡಿಸುವುದು ಮೊದಲಿನಿಂದಲೂ ಇತ್ತು. ಆದರೆ ಸಿನಿಮಾದಲ್ಲಿ ಅದನ್ನೇ ಮುಖ್ಯ ಬೆಳಕಾಗಿ ಇಟ್ಟು, ಚಿತ್ರದಿಂದ ಚಿತ್ರಕ್ಕೆ ಒಂದು ಪದ್ಧತಿಯಾಗಿ ಬೆಳೆಸಿದವರಲ್ಲಿ ಮಿತ್ರ ತೀರಾ ಮೊದಲಿಗರು. ಮುಂದೆ ಅಮೆರಿಕದ ಒಂದು ಕ್ಯಾಮೆರಾ ಪತ್ರಿಕೆ ಸ್ವೀಡನ್ನಿನ ಕ್ಯಾಮೆರಾಮನ್ ಸ್ವೆನ್ ನಿಕ್ವಿಸ್ಟ್ ಅವರ 1961ರ ಒಂದು ಚಿತ್ರವನ್ನು ಹಿಡಿದು ಈ ಬೆಳಕನ್ನು ಹೊಸದೆಂದು ಹೊಗಳಿತು. ನಾವು ಇದನ್ನು ವರ್ಷಗಳಿಂದ ಮಾಡುತ್ತಿದ್ದೇವೆ ಎಂದು ರೇ ಬರೆದರು. 'ಅಪರಾಜಿತೊ' ಬಂದದ್ದು 1956ರಲ್ಲಿ, ಅದಕ್ಕೆ ವೆನಿಸ್ ಚಿತ್ರೋತ್ಸವದ ದೊಡ್ಡ ಪ್ರಶಸ್ತಿ ಗೋಲ್ಡನ್ ಲಯನ್ ಸಿಕ್ಕಿದ್ದು 1957ರಲ್ಲಿ. ಲೆಕ್ಕ ಸ್ಪಷ್ಟವಾಗಿದೆ. ನಿಕ್ವಿಸ್ಟ್ ಕದ್ದರು ಎಂದು ಇದರ ಅರ್ಥವಲ್ಲ. ಅವರೂ ತಮ್ಮ ಊರಿನ ಬೆಳಕನ್ನು ನೋಡಿ ನೋಡಿ ಅಲ್ಲಿಗೆ ತಲುಪಿದವರು. ನನಗೆ ಬೇಸರವಾಗುವುದು ಬೇರೆ ಕಾರಣಕ್ಕೆ. ನಮ್ಮವರೇ ಬರೆಯುವ ಪುಸ್ತಕಗಳಲ್ಲೂ ಎಷ್ಟೋ ಕಡೆ ಆ ಹೆಸರು ಬರುತ್ತದೆ, ಈ ಹೆಸರು ಬರುವುದಿಲ್ಲ.

ಈಗ ಅವರ ಕಥೆಯನ್ನು ಸ್ವಲ್ಪ ಹಿಂದಿನಿಂದ ಹೇಳುತ್ತೇನೆ. ಸುಬ್ರತ ಮಿತ್ರ ಹುಟ್ಟಿದ್ದು 1930ರ ಅಕ್ಟೋಬರ್ 12ರಂದು, ಕಲ್ಕತ್ತದಲ್ಲಿ. ಕಾಲೇಜಿಗೆ ಬರುವ ಹೊತ್ತಿಗೆ ಅವರ ಮನಸ್ಸಿನಲ್ಲಿ ಇದ್ದದ್ದು ಎರಡೇ ದಾರಿ. ಆರ್ಕಿಟೆಕ್ಟ್ ಆಗುವುದು, ಇಲ್ಲವೇ ಸಿನಿಮಾ ಕ್ಯಾಮೆರಾಮನ್ ಆಗುವುದು. ಎರಡಕ್ಕೂ ಬೇಕಾದ ಕಣ್ಣು ಒಂದೇ ಎಂದು ನನಗೆ ಅನ್ನಿಸುತ್ತದೆ. ಕಿಟಕಿ ಯಾವ ಕಡೆ ಇದೆ, ಯಾವ ಹೊತ್ತಿಗೆ ಯಾವ ಮೂಲೆಗೆ ಬೆಳಕು ಮುಟ್ಟುತ್ತದೆ ಎಂದು ಗಮನಿಸುವ ಕಣ್ಣು.

ಅದೇ ಹೊತ್ತಿಗೆ ಫ್ರಾನ್ಸಿನ ಜ್ಯಾಂ ರೆನ್ವಾರ್ ತಮ್ಮ 'ದಿ ರಿವರ್' ಚಿತ್ರವನ್ನು ಮಾಡಲು ಬಂಗಾಳಕ್ಕೆ ಬಂದರು. ಕ್ಯಾಮೆರಾ ಅವರ ಅಣ್ಣನ ಮಗ ಕ್ಲೋಡ್ ರೆನ್ವಾರ್ ಅವರದು. ಮಿತ್ರ ಸಹಾಯಕನ ಕೆಲಸಕ್ಕೆ ಪ್ರಯತ್ನ ಪಟ್ಟರು, ಸಿಗಲಿಲ್ಲ. ನಿಂತು ನೋಡಲು ಮಾತ್ರ ಅನುಮತಿ ಸಿಕ್ಕಿತು. ಅಷ್ಟು ಸಾಕಾಯಿತು. ಯಾವ ಶಾಟ್‌ಗೆ ದೀಪ ಎಲ್ಲಿತ್ತು, ಕ್ಯಾಮೆರಾ ಎಲ್ಲಿತ್ತು, ನಟರು ಎಲ್ಲಿಂದ ಎಲ್ಲಿಗೆ ನಡೆದರು ಎಂದು ದಿನಾ ಚಿತ್ರ ಬರೆದು ಟಿಪ್ಪಣಿ ಮಾಡಿಟ್ಟುಕೊಂಡರು. ಆ ಟಿಪ್ಪಣಿ ಎಷ್ಟು ಕರಾರುವಾಕ್ಕಾಗಿತ್ತು ಅಂದರೆ, ಹಿಂದಿನ ಶಾಟ್‌ನ ಬೆಳಕಿಗೆ ಹೊಂದಿಸಿಕೊಳ್ಳಲು ಕ್ಲೋಡ್ ರೆನ್ವಾರ್ ಅವರೇ ಈ ಹುಡುಗನ ಪುಸ್ತಕ ನೋಡುವಂತಾಯಿತು. ರೇ ಮತ್ತು ಬನ್ಸಿ ಚಂದ್ರಗುಪ್ತ ಅವರ ಜೊತೆ ಗೆಳೆತನ ಗಟ್ಟಿಯಾದದ್ದೂ ಆ ದಿನಗಳಲ್ಲೇ.

ರೇ ಅವರ ಮೊದಲ ಚಿತ್ರ 'ಪಥೇರ್ ಪಾಂಚಾಲಿ'ಯ ಮೊದಲ ಶಾಟ್ ತೆಗೆದದ್ದು 1952ರ ಅಕ್ಟೋಬರ್ 27ರಂದು. ಮಿತ್ರ ಅವರಿಗೆ ಆಗ ತಾನೇ 22 ತುಂಬಿತ್ತು. ಅದಕ್ಕೂ ಮುಂಚೆ ಸಿನಿಮಾ ಕ್ಯಾಮೆರಾವನ್ನು ಕೆಲಸಕ್ಕಾಗಿ ಮುಟ್ಟಿದವರಲ್ಲ. ಮಳೆಯಲ್ಲಿ, ಮರದಡಿಯ ಮಬ್ಬಿನಲ್ಲಿ ಚಿತ್ರ ತೆಗೆಯಲು ಆಗುವುದಿಲ್ಲ ಎಂದು ಅನುಭವಸ್ಥರು ಹೇಳುತ್ತಿದ್ದ ಕಾಲ ಅದು. ರೇ ಮತ್ತು ಮಿತ್ರ ಒಂದು ಹಳೆಯ 16 ಎಂಎಂ ಕ್ಯಾಮೆರಾ ಹೊಂದಿಸಿಕೊಂಡು ಹಳ್ಳಿಗೆ ಹೋಗಿ, ಮಳೆಯಲ್ಲೇ ತೆಗೆದು ನೋಡಿದರು. ಬಂತು. ಆಮೇಲೆ ಅನುಮಾನ ಉಳಿಯಲಿಲ್ಲ. ಬಿಳಿ ಹೂ ಬಿಡುವ ಕಾಶಹುಲ್ಲಿನ ಬಯಲಿನ ಆ ಮೊದಲ ದಿನದ ಚಿತ್ರೀಕರಣದ ಕಥೆ ನಿಮಗೂ ಗೊತ್ತಿರಬಹುದು. ಮುಂದಿನ ವಾರ ಹೋಗಿ ನೋಡಿದರೆ ದನಗಳು ಹೂವನ್ನೆಲ್ಲ ಮೇದುಬಿಟ್ಟಿದ್ದವು. ಮತ್ತೆ ಹೂ ಬಿಡುವವರೆಗೆ, ಅಂದರೆ ಒಂದು ವರ್ಷ, ಆ ದೃಶ್ಯ ಕಾಯಬೇಕಾಯಿತು. ಚಿತ್ರ ತೆರೆಗೆ ಬಂದದ್ದು 1955ರಲ್ಲಿ.

ಆ ಚಿತ್ರದ ಹೊರಾಂಗಣವನ್ನೂ ರಾತ್ರಿಯ ದೃಶ್ಯಗಳನ್ನೂ ಪಕ್ಕಪಕ್ಕದಲ್ಲಿಟ್ಟು ನೋಡಿ. ಕೊಳದಲ್ಲಿ ಮಿಠಾಯಿಯವನ ಪ್ರತಿಬಿಂಬ ಕಾವಡಿಯ ಜೊತೆ ತೂಗುತ್ತಾ ಹೋಗುತ್ತದಲ್ಲ, ಹಿಂದೆ ಅಪು, ಅವನ ಅಕ್ಕ ದುರ್ಗಾ, ಒಂದು ನಾಯಿ! ಅದು ಸಿಕ್ಕ ಬೆಳಕನ್ನು ಹಾಗೇ ಬೊಗಸೆಯಲ್ಲಿ ಹಿಡಿದ ಶಾಟ್. ಸ್ಟುಡಿಯೋದಲ್ಲಿ ತೆಗೆದ ರಾತ್ರಿಗಳಲ್ಲಿ ಮಾತ್ರ ನೆರಳು ಸ್ವಲ್ಪ ಗಡುಸು, ದೀಪ ಎಲ್ಲಿದೆ ಎಂದು ಗೊತ್ತಾಗುತ್ತದೆ. ಆ ಗಡುಸು ಕಳೆಯುವ ದಾರಿ ಅವರಿಗೆ ಮುಂದಿನ ಚಿತ್ರದಲ್ಲಿ ಸಿಕ್ಕಿತು. ಇನ್ನೊಂದು ಮಾತು: ಅದೇ ಮಿಠಾಯಿಯವನ ದೃಶ್ಯದ ಸಂಗೀತವೂ ಮಿತ್ರ ಅವರದೇ. ಚಿತ್ರಕ್ಕೆ ಸಂಗೀತ ಕೊಟ್ಟ ಸಿತಾರ್ ವಾದಕ ರವಿಶಂಕರ್ ಸಮಯ ಕೊಟ್ಟದ್ದು ಕಡಿಮೆ, ಉಳಿದ ಆ ತುಣುಕಿಗೆ ಕ್ಯಾಮೆರಾಮನ್ನೇ ಸಿತಾರ್ ಹಿಡಿದರು.

ಈಗ ಶೈಲಿಯ ವಿಷಯ. ಇದಕ್ಕೆ ಒಬ್ಬ ಕನ್ನಡಿಗರನ್ನು ಪಕ್ಕದಲ್ಲಿ ನಿಲ್ಲಿಸಿ ಹೇಳಿದರೆ ಸುಲಭ. ನಮ್ಮ ಮೈಸೂರಿನ ವಿ.ಕೆ. ಮೂರ್ತಿ, ಗುರುದತ್ ಚಿತ್ರಗಳ ಕ್ಯಾಮೆರಾಮನ್. 1959ರ 'ಕಾಗಜ್ ಕೆ ಫೂಲ್' ಚಿತ್ರದಲ್ಲಿ ಖಾಲಿ ಸ್ಟುಡಿಯೋದೊಳಗೆ ಓರೆಯಾಗಿ ಇಳಿಯುವ ಒಂದು ಬೆಳಕಿನ ಕೋಲಿದೆ. ಹೊರಗಿನ ಬಿಸಿಲನ್ನು ಕನ್ನಡಿಗಳಿಂದ ಒಳಗೆ ತಿರುಗಿಸಿ ಮಾಡಿದ್ದು. ಅದನ್ನು ನೋಡಿದಾಗ ಉಸಿರು ನಿಲ್ಲುತ್ತದೆ, ಬೆಳಕೇ ಒಂದು ಪಾತ್ರ. ಮಿತ್ರ ಅವರ ದಾರಿ ಇದಕ್ಕೆ ಪೂರಾ ಎದುರು. ಅವರ ಬೆಳಕು ತನ್ನನ್ನು ನೋಡು ಎಂದು ಕರೆಯುವುದಿಲ್ಲ. ಇಬ್ಬರೂ ಒಂದೇ ಕಾಲದವರು, ಇಬ್ಬರೂ ಕಪ್ಪು ಬಿಳುಪಿನಲ್ಲಿ ಪಳಗಿದವರು. ನನಗೆ ಇಬ್ಬರೂ ಬೇಕು. ಆದರೆ ಮೂರ್ತಿಯವರನ್ನು ಮೊದಲ ನೋಟಕ್ಕೇ ಮೆಚ್ಚಬಹುದು, ಮಿತ್ರರನ್ನು ಮೆಚ್ಚಲು ಎರಡನೇ ಸಲ ನೋಡಬೇಕು.

ಮಿತ್ರ ಒಂದು ಕೋಣೆಗೆ ಬೆಳಕು ಮಾಡುವಾಗ ಆ ಬೆಳಕಿಗೆ ಒಂದು ವಿಳಾಸ ಇರುತ್ತದೆ. ಕಿಟಕಿಯಿಂದ ಬಂತಾ, ಬಾಗಿಲಿನಿಂದ ಬಂತಾ, ಲಾಂದ್ರದಿಂದ ಬಂತಾ? ನೋಡುವವರು ಕೇಳಿದರೆ ಉತ್ತರ ಸಿಗಬೇಕು. ಎಲ್ಲಿಂದಲೂ ಬಾರದ ಬೆಳಕು ಅವರಿಗೆ ಸುಳ್ಳು ಹೇಳಿದ ಹಾಗೆ. ಅದಕ್ಕೇ ಅವರ ಚಿತ್ರಗಳಲ್ಲಿ ನಟರು ಕೋಣೆಯ ಮೂಲೆಗೆ ಹೋದರೆ ಮುಖ ಮಂಕಾಗುತ್ತದೆ. ಕಿಟಕಿಗೆ ಬೆನ್ನು ಮಾಡಿ ನಿಂತರೆ ಕತ್ತಲಾಗುತ್ತದೆ. ಮುಖ ಕಾಣದಿದ್ದರೆ ಜನ ಏನಂತಾರೋ ಎಂಬ ಹೆದರಿಕೆ ಅವರಿಗೆ ಇದ್ದ ಹಾಗಿಲ್ಲ.

'ಚಾರುಲತಾ' (1964) ಇದರ ತುದಿ. ನೀವು ನೋಡಿದ ಆ ದೊಡ್ಡ ಮನೆಯ ಒಳಭಾಗ ಪೂರ್ತಿ ಸೆಟ್. ಶುರುವಿನ ದೃಶ್ಯ ನೆನಪಿಸಿಕೊಳ್ಳಿ. ಮಧ್ಯಾಹ್ನ, ಹೆಚ್ಚು ಕಡಿಮೆ ಮಾತೇ ಇಲ್ಲ. ಬೇಸರ ಬಂದ ಚಾರು ಕೈಯಲ್ಲಿ ದುರ್ಬೀನು ಹಿಡಿದು ಕಿಟಕಿಯಿಂದ ಕಿಟಕಿಗೆ ಓಡುತ್ತಾಳೆ. ಪಟ್ಟಿ ಪಟ್ಟಿಯ ಮರದ ಕಿಟಕಿ ಬಾಗಿಲನ್ನು ಬೆರಳಿನಲ್ಲಿ ಎತ್ತಿ ಬೀದಿ ನೋಡುತ್ತಾಳೆ. ಹೊರಗೆ ಬಿಸಿಲು ಸುಡುತ್ತಿದೆ, ಒಳಗೆ ತಣ್ಣನೆಯ ನಸುಗತ್ತಲು. ಹಳೆ ಕಾಲದ ಶ್ರೀಮಂತರ ಮನೆಯಲ್ಲಿ ಮಧ್ಯಾಹ್ನ ಹೀಗೇ ಇರುತ್ತದೆ. ಎಷ್ಟು ವಸ್ತು ತುಂಬಿದ್ದರೂ ಒಂದು ಖಾಲಿತನ. ಆ ಖಾಲಿತನವನ್ನು ಹೇಳಲು ಚಾರು ಪಾತ್ರದ ಮಾಧಬಿ ಮುಖರ್ಜಿಯವರ ಮುಖದಷ್ಟೇ ಆ ಬೆಳಕೂ ದುಡಿದಿದೆ. ಈ ಚಿತ್ರಕ್ಕೆ ಮಿತ್ರ ಇನ್ನೊಂದು ಉಪಾಯ ಮಾಡಿದರು. ಪೆಟ್ಟಿಗೆಯೊಳಗೆ ಬಲ್ಬುಗಳನ್ನು ಜೋಡಿಸಿ, ಮುಂದೆ ಬೆಳಕು ಹರಡುವ ತೆಳು ಪರದೆ ಹಾಕಿದರು. ಇಂದು ಅಂಗಡಿಯಲ್ಲಿ ಸಾಫ್ಟ್‌ಬಾಕ್ಸ್ ಎಂದು ಮಾರುತ್ತಾರಲ್ಲ, ಅದರ ಹಿರಿಯಣ್ಣ.

ಅದೇ ಚಿತ್ರದ ಉಯ್ಯಾಲೆಯ ದೃಶ್ಯವನ್ನು ಬಿಡಬೇಡಿ. ಕ್ಯಾಮೆರಾ ಚಾರುವಿನ ಜೊತೆಗೇ ತೂಗುತ್ತದೆ. ಅವಳ ಮುಖ ಪರದೆಯಲ್ಲಿ ನಿಂತಲ್ಲೇ ನಿಂತಿರುತ್ತದೆ, ಹಿಂದಿನ ತೋಟ ಮಾತ್ರ ಮೇಲೆ ಕೆಳಗೆ ಹೋಗುತ್ತದೆ. ನೆಲ ಅಲುಗಾಡುತ್ತಿದೆ, ಆದರೆ ಅವಳಿಗೆ ಅದರ ಅರಿವಿಲ್ಲ.

ಉಳಿದ ಚಿತ್ರಗಳನ್ನು ಬೇಗ ಹೇಳಿಬಿಡುತ್ತೇನೆ. ರೇ ಅವರಿಗೆ ಮಿತ್ರ ಮಾಡಿದ್ದು ಒಟ್ಟು 10 ಕಥಾಚಿತ್ರ, 1955ರ 'ಪಥೇರ್ ಪಾಂಚಾಲಿ'ಯಿಂದ 1966ರ 'ನಾಯಕ್'ವರೆಗೆ. 'ಜಲ್ಸಾಘರ್' (1958) ಚಿತ್ರದಲ್ಲಿ ದೀಪಗುಚ್ಛ, ಕನ್ನಡಿ, ಒಂದೊಂದಾಗಿ ಆರುವ ಮೇಣದಬತ್ತಿ. ಇಲ್ಲಿ ಮಾತ್ರ ಬೆಳಕನ್ನೇ ನೋಡಿ ಎಂದು ಅವರು ನಮ್ಮನ್ನು ಬಿಡುತ್ತಾರೆ, ಕಥೆಯೇ ಅದನ್ನು ಕೇಳುತ್ತದೆ. 'ಕಾಂಚನಜಂಘಾ' (1962) ರೇ ಅವರ ಮೊದಲ ಬಣ್ಣದ ಚಿತ್ರ. ಡಾರ್ಜಿಲಿಂಗ್‌ನಲ್ಲಿ ಬಿಸಿಲು ಬಂದಾಗ ಬಿಸಿಲಿನ ದೃಶ್ಯ, ಮಂಜು ಬಂದಾಗ ಮಂಜಿನ ದೃಶ್ಯ ಎಂದು ಹವೆಯ ಹಿಂದೆ ಓಡಿ ತೆಗೆದದ್ದು. 'ಮಹಾನಗರ್' (1963) ಚಿತ್ರದ ಇಕ್ಕಟ್ಟಾದ ಮನೆ ನೋಡಿ. ಒಂದು ಕೋಣೆಯ ಬೆಳಕು ಇನ್ನೊಂದು ಕೋಣೆಯ ಹೊಸ್ತಿಲಿನವರೆಗೆ ಬಂದು ನಿಲ್ಲುತ್ತದೆ. 'ನಾಯಕ್' ಚಿತ್ರದ ರೈಲು ಬೋಗಿ ಸಹ ಸೆಟ್, ಕಿಟಕಿಯಾಚೆ ಓಡುವ ಬಯಲು ಹಿಂದಿನ ಪರದೆಯ ಮೇಲೆ ಮೂಡಿಸಿದ್ದು. ಆ ಮೋಸ ಗೊತ್ತಾಗದೆ ಇರುವುದಕ್ಕೆ ಕಾರಣ, ಬೋಗಿಯೊಳಗಿನ ಬೆಳಕು ಕಿಟಕಿಯ ಮಾತು ಕೇಳುತ್ತದೆ.

ಬಂಗಾಳಿಯ ಆಚೆ ಅವರು ಜೇಮ್ಸ್ ಐವರಿ ಅವರ 4 ಚಿತ್ರಗಳನ್ನು ಮಾಡಿದರು: 'ದಿ ಹೌಸ್‌ಹೋಲ್ಡರ್', 'ಶೇಕ್ಸ್‌ಪಿಯರ್ ವಾಲಾ', 'ದಿ ಗುರು', 'ಬಾಂಬೆ ಟಾಕಿ'. ಹಿಂದಿಯಲ್ಲಿ ಬಾಸು ಭಟ್ಟಾಚಾರ್ಯ ಅವರ 'ತೀಸ್ರೀ ಕಸಮ್' (1966) ಇದೆ. ರಾಜ್ ಕಪೂರ್ ಗಾಡಿ ಹೊಡೆಯುತ್ತಾರೆ, ವಹೀದಾ ರೆಹಮಾನ್ ಗಾಡಿಯೊಳಗೆ ಕೂತಿದ್ದಾರೆ. ಹಿಂದಿ ಚಿತ್ರದ ದೊಡ್ಡ ತಾರೆಯರು ಮೊದಲ ಸಲ ಹಳ್ಳಿಯ ಗಾಳಿಯಲ್ಲಿ ನಿಜವಾಗಿ ಕೂತ ಹಾಗೆ ನನಗೆ ಕಂಡಿತು. ಆಮೇಲೆ ಚಿತ್ರಗಳು ವಿರಳವಾದವು. ರಮೇಶ್ ಶರ್ಮಾ ಅವರ 'ನ್ಯೂಡೆಲ್ಲಿ ಟೈಮ್ಸ್' ಚಿತ್ರಕ್ಕೆ ಅವರಿಗೆ ಛಾಯಾಗ್ರಹಣದ ರಾಷ್ಟ್ರಪ್ರಶಸ್ತಿ ಬಂತು. ಪದ್ಮಶ್ರೀಯೂ ಬಂತು. ಕಡೆಯ ವರ್ಷಗಳಲ್ಲಿ ಕಲ್ಕತ್ತದ ಸತ್ಯಜಿತ್ ರೇ ಫಿಲ್ಮ್ ಸಂಸ್ಥೆಯಲ್ಲಿ ಪಾಠ ಹೇಳಿದರು. ತೀರಿಕೊಂಡದ್ದು 2001ರ ಡಿಸೆಂಬರ್‌ನಲ್ಲಿ.

ನಿಮ್ಮ ಕೊನೆಯ ಪ್ರಶ್ನೆ: ಎಲ್ಲ ರೇ ಅವರದೇ ಅಲ್ವಾ? ಅಲ್ಲ. ಫ್ರೇಮ್ ಹೇಗಿರಬೇಕು, ಯಾರು ಎಲ್ಲಿ ನಿಲ್ಲಬೇಕು ಎಂಬುದು ಹೆಚ್ಚಾಗಿ ರೇ ಅವರದು. ಅವರು ಪ್ರತಿ ಶಾಟನ್ನೂ ಮೊದಲೇ ಚಿತ್ರ ಬರೆದಿಟ್ಟುಕೊಳ್ಳುತ್ತಿದ್ದವರು. 1960ರ ದಶಕದ ನಡುವಿಗೆ ಕ್ಯಾಮೆರಾದ ಹಿಂದೆಯೂ ತಾವೇ ಕೂರತೊಡಗಿದರು. 'ನಾಯಕ್' ಆದ ಮೇಲೆ ಇಬ್ಬರ ದಾರಿ ಬೇರೆಯಾಯಿತು. ಆದರೆ ಬೆಳಕು ಮಿತ್ರ ಅವರದು. ಅಂಗಳದ ಜಗಳವನ್ನೇ ನೆನಪು ಮಾಡಿಕೊಳ್ಳಿ. ಸೆಟ್ ಒಳಗೇ ಇರಲಿ ಎಂದದ್ದು ರೇ, ಬಟ್ಟೆ ಕಟ್ಟಿದ್ದು ಮಿತ್ರ. ಇದರಲ್ಲಿ ಬನ್ಸಿ ಚಂದ್ರಗುಪ್ತರ ಪಾಲನ್ನೂ ಮರೆಯಬಾರದು. ಗೋಡೆಯ ಸುಣ್ಣ, ಬಿರುಕು, ಪಾಚಿ ಅಷ್ಟು ನಿಜವಾಗಿರದಿದ್ದರೆ ಮೆದು ಬೆಳಕಿನಲ್ಲಿ ಸೆಟ್ಟಿನ ಬಣ್ಣ ಬಯಲಾಗುತ್ತಿತ್ತು. ಗಡುಸು ನೆರಳು ಎಷ್ಟೋ ತಪ್ಪನ್ನು ಮುಚ್ಚುತ್ತದೆ, ಮೆದು ಬೆಳಕು ಏನನ್ನೂ ಮುಚ್ಚುವುದಿಲ್ಲ.

ಮಿತ್ರ ಅವರಿಗೆ ಕಣ್ಣಿನ ತೊಂದರೆಯಾದಾಗ 'ತೀನ್ ಕನ್ಯಾ' (1961) ಚಿತ್ರವನ್ನು ಅವರ ಸಹಾಯಕರಾಗಿದ್ದ ಸೌಮೇಂದು ರಾಯ್ ಮಾಡಿದರು. 'ನಾಯಕ್' ನಂತರದ ರೇ ಚಿತ್ರಗಳ ಕ್ಯಾಮೆರಾವೂ ಬಹುಪಾಲು ರಾಯ್ ಅವರದೇ. ಅವುಗಳ ಬೆಳಕೂ ಇದೇ ಮನೆತನದ್ದು. ಅದನ್ನು ನೋಡಿ ಕೆಲವರು "ಕಂಡಿರಾ, ಎಲ್ಲ ರೇ ಅವರದೇ" ಅಂತಾರೆ. ನಾನು ಅದನ್ನೇ ತಿರುಗಿಸಿ ಓದುತ್ತೇನೆ. ಮಿತ್ರ ಕಟ್ಟಿದ ಪದ್ಧತಿ ಎಷ್ಟು ಗಟ್ಟಿಯಾಗಿತ್ತು ಅಂದರೆ ಅವರು ಹೋದ ಮೇಲೂ ಆ ಮನೆಯಲ್ಲಿ ಅದು ನಡೆಯಿತು.

ಮತ್ತೆ ನೋಡುವುದಾದರೆ ಒಳ್ಳೆಯ ಪ್ರತಿಯನ್ನೇ ನೋಡಿ. ಅಪು ಚಿತ್ರತ್ರಯದ ('ಪಥೇರ್ ಪಾಂಚಾಲಿ', 'ಅಪರಾಜಿತೊ', 'ಅಪುರ್ ಸಂಸಾರ್') ಮೂಲ ನೆಗೆಟಿವ್‌ಗಳು 1993ರಲ್ಲಿ ಲಂಡನ್ನಿನ ಒಂದು ಲ್ಯಾಬಿನಲ್ಲಿ ಬೆಂಕಿಗೆ ಸಿಕ್ಕಿ ಸುಟ್ಟವು. ಉಳಿದ ತುಂಡುಗಳನ್ನು ಇಟಲಿಯ ಬೊಲೋನ್ಯದಲ್ಲಿ ತಿಂಗಳುಗಟ್ಟಲೆ ಕೈಯಾರೆ ಸರಿಪಡಿಸಿ, ಬೇರೆ ಪ್ರತಿಗಳಿಂದ ತುಂಬಿಸಿ, 2015ರಲ್ಲಿ ಹೊಸ ರೂಪದಲ್ಲಿ ಬಿಡುಗಡೆ ಮಾಡಿದರು. ಹಳೆಯ ವಿಡಿಯೋ ಪ್ರತಿಗಳಲ್ಲಿ ಕಪ್ಪು ಪೂರಾ ಕಪ್ಪು, ಬಿಳಿ ಪೂರಾ ಬಿಳಿ. ಮಿತ್ರ ಅವರ ಕೆಲಸ ಇರುವುದೇ ಇವೆರಡರ ನಡುವಿನ ಬೂದು ಬಣ್ಣಗಳಲ್ಲಿ. ಹೊಸ ಪ್ರತಿಯಲ್ಲಿ ಅವು ಕಾಣುತ್ತವೆ. ಕೋಣೆಯ ದೀಪ ಆರಿಸಿ, ಕಾಶಿಯ ಮನೆಯ ಭಾಗಕ್ಕೆ ಹೋಗಿ. ಸರ್ವಜಯ ಅಂಗಳಕ್ಕೆ ಬಂದಾಗ ಮುಖ ಬಿಟ್ಟು ಕಾಲಿನ ಹತ್ತಿರ ನೋಡಿ. ನೆರಳು ಎಲ್ಲಿದೆ ಎಂದು ಹುಡುಕಿ. ಆಮೇಲೆ ಅವಳು ಕೋಣೆಯ ಒಳಗೆ ಹೋಗುವಾಗ ಸೆರಗಿನ ಬಿಳುಪು ಹೆಜ್ಜೆ ಹೆಜ್ಜೆಗೂ ಹೇಗೆ ಇಳಿಯುತ್ತದೆ ಎಂದು ನೋಡಿ.